ಬೆರಳು ಚೀಪುತ್ತೆ, ಬಕೆಟ್ಟಿನ ಹಾಲು ಮಾತ್ರ ಕುಡಿಯಲ್ಲ

ಪ್ರಶ್ನೆ:
ಮೊದಲ ಸೂಲಿನ ಹಸು, ಕರು ಹತ್ತಿರ ಹೋದರೆ ಒದೆಯುತ್ತೆ. ಗಿಣ್ಣುಹಾಲನ್ನು ಹುಟ್ಟಿದ ಕೂಡಲೇ ಕರೆದು ಬಾಟಲಿಯಲ್ಲಿ ಕುಡಿಸಿದ್ದೇವೆ. ಈಗ ಬಕೆಟ್ಟಿಗೆ ರೂಢಿ ಮಾಡಿಸೋಣ ಅಂದರೆ ಕರು ಮೂತಿ ಅದ್ದಿ, ಬುಸ್ ಅಂತ ಉಸಿರುಬಿಟ್ಟು ತಲೆ ಎತ್ತುತ್ತೆ. ಇಲ್ಲವೇ ಬಕೆಟ್ಟನ್ನೇ ಗುಮ್ಮಿ ಚೆಲ್ಲುತ್ತೆ. ಬೆರಳು ಕೊಟ್ಟರೆ ಬಿಡದೆ ಚೀಪುತ್ತೆ. ಬಾಯಿ ಅಗಲಿಸಿ ಹಾಲು ಹುಯ್ಯಬಹುದಾ?

ಉತ್ತರ:
ಬೇಡವೇ ಬೇಡ ಸರ್. ಹಾಲು ಶ್ವಾಸನಾಳಕ್ಕೆ ಹೋದರೆ ನ್ಯುಮೋನಿಯಾ ಆಗಿ ಕರು ಕೈತಪ್ಪುತ್ತೆ.

ಉತ್ತರ:
ಅದು ಹಠ ಅಲ್ಲಪ್ಪ. ಕೆಚ್ಚಲು ಇರೋದು ಮೇಲೆ, ತಲೆ ಎತ್ತಿ ಹುಡುಕೋದು ಕರುವಿನ ಹುಟ್ಟುಗುಣ. ಗುಮ್ಮೋದು ತಾಯಿ ಹಾಲು ಸೊರೆಯಲಿ ಅಂತ. ತಲೆ ತಗ್ಗಿಸಿ ಕುಡಿಯೋದನ್ನ ನಾವೇ ಕಲಿಸಬೇಕು.

ನಾನು ಕರುವಿನ ಹಿಂಭಾಗ ಮೂಲೆಗೆ ತಾಗುವ ಹಾಗೆ ನಿಲ್ಲಿಸ್ತೀನಿ. ಕೈ ತೊಳೆದು, ಎರಡು ಬೆರಳನ್ನು ಹಾಲಿನಲ್ಲಿ ಅದ್ದಿ ಬಾಯಿಗೆ ಕೊಡ್ತೀನಿ. ಅಂಗುಳದ ಏಣುಗಳಿಗೆ ಬೆರಳು ತಾಗಿದರೆ ಸಾಕು, ನಾಲಿಗೆ ಸುತ್ತಿಕೊಳ್ಳುತ್ತೆ. ಮೇಲ್ದವಡೆಯ ಮುಂದೆ ಹಲ್ಲಿರಲ್ಲ, ಹೆದರಬೇಡಿ. ಚೀಪ್ತಿರುವಾಗಲೇ ಕೈಯನ್ನ ಮೆಲ್ಲಗೆ ಹಾಲಿನೊಳಗೆ ಇಳಿಸಿ, ಬೆರಳು ಸ್ವಲ್ಪ ಬಿಡಿಸಿ. ಸಂದಿಯಿಂದ ಹಾಲು ಬಾಯಿಗೆ ಬರುತ್ತೆ. ಮೂಗಿನ ಹೊಳ್ಳೆ ಮುಳುಗಬಾರದು, ಆ ಬುಸ್ ಬರೋದೇ ಅದರಿಂದ. ಗುಟುಕು ಸಾಗಿದ ಮೇಲೆ ಬೆರಳನ್ನ ಎಳೆದುಕೊಳ್ಳಿ, ತಲೆ ಎತ್ತಿದರೆ ಮತ್ತೆ ಕೊಡಿ. ಹಾಲು 38ರಿಂದ 40 ಡಿಗ್ರಿ ಬೆಚ್ಚಗಿರಲಿ.

ನನ್ನ ಕೇಳಿದರೆ ನಿಪ್ಪಲ್ ಇರುವ ಬಕೆಟ್ಟೇ ಮೇಲು. ಚೀಪುವಾಗ ಅನ್ನನಾಳದ ತುದಿಯ ತೋಡು ಕೊಳವೆಯ ಹಾಗೆ ಮುಚ್ಚಿಕೊಂಡು, ಹಾಲು ಮೆಲುಕಿನ ಹೊಟ್ಟೆಗೆ ಬೀಳದೆ ನಾಲ್ಕನೇ ಹೊಟ್ಟೆಗೆ ಹೋಗುತ್ತೆ. ಅದಕ್ಕೇ ನಿಪ್ಪಲ್ ತೂತು ದೊಡ್ಡದು ಮಾಡಬೇಡಿ, ಕರು ಕಷ್ಟಪಟ್ಟೇ ಚೀಪಲಿ. ನಿಪ್ಪಲ್ಲನ್ನ ಪ್ರತಿ ಸಲ ಬಿಸಿನೀರಲ್ಲಿ ತೊಳೆಯಿರಿ, ಕೊಳಕಿಂದಲೇ ಭೇದಿ ಶುರುವಾಗೋದು.

ಪ್ರಶ್ನೆ ಕೇಳಿದವರು:
ಅಕ್ಕ, ಬೆರಳು ತೆಗೆದ ಮೇಲೂ ಕುಡೀತು! ಆದರೆ ಹೊಟ್ಟೆ ತುಂಬಿದರೂ ಪಕ್ಕದ ಕರುವಿನ ಕಿವಿ ಚೀಪುತ್ತೆ.

ಉತ್ತರ:
ಹಾಲು ಮುಗಿದರೂ ಚೀಪುವ ಆಸೆ ಸುಮಾರು 10-15 ನಿಮಿಷ ಇರುತ್ತೆ. ಅಷ್ಟು ಹೊತ್ತು ಖಾಲಿ ನಿಪ್ಪಲ್ ಕೊಡಿ, ಬೇರೆ ಕಟ್ಟಿ. ಕಿವಿಗಿಂತ ಹೊಕ್ಕುಳು ಚೀಪೋದು ಅಪಾಯ, ಅಲ್ಲಿ ಕೀವಾಗುತ್ತೆ. ಆ ಇನ್ನೊಂದು ಕರುವಿನ ಹೊಕ್ಕುಳು ಒಣಗಿದೆಯಾ ಇವತ್ತೇ ಮುಟ್ಟಿ ನೋಡಿ.