ಇತಿಹಾಸದ ಡಾಕ್ಯುಮೆಂಟರಿ ಎಡಿಟಿಂಗ್: ಮೊದಲು ಶಾಟ್‌ನ ಜಾತಕ ಬರೆಯಿರಿ

ಪ್ರಶ್ನೆ: ನಾಲ್ಕು ವರ್ಷದಿಂದ ಜಾಹೀರಾತು, ಕಂಪನಿ ವಿಡಿಯೊಗಳನ್ನು ಎಡಿಟ್ ಮಾಡುತ್ತಿದ್ದೇನೆ. ಇತಿಹಾಸದ ಡಾಕ್ಯುಮೆಂಟರಿ ಕಡೆ ಹೋಗುವ ಆಸೆ. ಸಾಫ್ಟ್‌ವೇರ್ ಚೆನ್ನಾಗಿ ಬರುತ್ತದೆ. ಇನ್ನೇನು ಕಲಿಯಬೇಕು? ಈ ಕೆಲಸ ನಂಬಿಕೊಂಡು ಬದುಕಬಹುದಾ? ಅನುಭವ ಇರುವವರು ದಯವಿಟ್ಟು ಹೇಳಿ.

ಉತ್ತರ: ಸಾಫ್ಟ್‌ವೇರ್ ಬಂದರೆ ಅರ್ಧ ಚಿಂತೆ ಕಳೆಯಿತು. ಇನ್ನು ಲಾಗ್ ಬರೆಯೋದು ಕಲಿಯಿರಿ. ಶಾಟ್ ಯಾವ ಆರ್ಕೈವ್‌ನದು (ಹಳೆಯ ಫಿಲ್ಮ್ ಕಾಪಾಡಿಡುವ ಸಂಗ್ರಹ), ಅಲ್ಲಿ ಅದರ ನಂಬರ್ ಏನು, ಯಾವ ವರ್ಷ ಎಲ್ಲಿ ತೆಗೆದದ್ದು, ಹಾಗಂತ ಹೇಳಿದವರು ಯಾರು. ನಾನಿದನ್ನು ಶಾಟ್‌ನ ಜಾತಕ ಅಂತ ಕರೆಯುತ್ತೇನೆ. ಜಾತಕ ಇಲ್ಲದ ಶಾಟ್ ಟೈಮ್‌ಲೈನ್‌ಗೆ ಬರಬಾರದು.

ಇದನ್ನು ಪೆಟ್ಟು ತಿಂದೇ ಕಲಿತೆ. ಆರ್ಕೈವ್‌ನವರು ಮೊದಲು ಕೊಡೋದು ವಾಟರ್‌ಮಾರ್ಕ್ ಇರುವ ಮಂದ ಕಾಪಿ. ಅದರ ಮೇಲೆ ಟೈಮ್‌ಕೋಡ್, ಅಂದರೆ ಪ್ರತಿ ಫ್ರೇಮ್‌ನ ಜಾಗ ಗುರುತಿಸುವ ಅಂಕಿ, ಓಡುತ್ತಿರುತ್ತದೆ. ಅದರಲ್ಲೇ ಎಡಿಟ್ ಮುಗಿಸಿ, ಬಳಸಿದಷ್ಟಕ್ಕೆ ಲೈಸೆನ್ಸ್ ಪಡೆದು, ಆಮೇಲೆ ಒಳ್ಳೆಯ ಕಾಪಿ ತರಿಸಬೇಕು. ಅಸಿಸ್ಟೆಂಟ್ ಆಗಿದ್ದಾಗ ನಾನು ಟೈಮ್‌ಕೋಡ್ ಕಣ್ಣಿಗೆ ಚುಚ್ಚುತ್ತದೆ ಅಂತ ಕ್ರಾಪ್ ಮಾಡಿದೆ. ಫೈಲ್‌ಗಳಿಗೆ ‘ರೈಲು 1’, ‘ರೈಲು 2’ ಅಂತ ಹೆಸರಿಟ್ಟು ಮೂಲ ಫೈಲ್ ಅಳಿಸಿಬಿಟ್ಟೆ. ಫೈನಲ್ ಕಟ್ ಆದಮೇಲೆ ನೋಡಿದರೆ 40 ಶಾಟ್ ಎಲ್ಲಿಂದ ಬಂದವು ಅಂತಲೇ ಗೊತ್ತಿಲ್ಲ. ಹಗಲು ರಾತ್ರಿ ಕೂತು ಹುಡುಕಿದೆ. ಮೂರು ಸಿಗಲೇ ಇಲ್ಲ. ಚಿತ್ರದ ಅತಿ ಚೆಂದದ ದೃಶ್ಯವನ್ನೇ ಕಿತ್ತು ಹಾಕಬೇಕಾಯಿತು.

ಹಾಗೇ, ಹಳೆಯದೆಲ್ಲ ನಿಜ ಅಂತಲೂ ನಂಬಬೇಡಿ. ಮೊದಲ ಮಹಾಯುದ್ಧದ ಸೋಮ್ ಕದನದ ಬಗ್ಗೆ 1916ರಲ್ಲಿ ಬಂದ ‘ದಿ ಬ್ಯಾಟಲ್ ಆಫ್ ದಿ ಸೋಮ್’ ಚಿತ್ರದಲ್ಲಿ ಸೈನಿಕರು ಕಂದಕದಿಂದ ಮೇಲೆ ಹತ್ತುವ ದೃಶ್ಯ ಇದೆ. ಎಷ್ಟೋ ಡಾಕ್ಯುಮೆಂಟರಿಗಳಲ್ಲಿ ಬಂದಿದೆ. ಅದು ಕದನದಲ್ಲಿ ತೆಗೆದದ್ದಲ್ಲ, ದೂರದ ತರಬೇತಿ ಜಾಗದಲ್ಲಿ ಮಾಡಿಸಿ ತೆಗೆದದ್ದು ಅಂತ ಇತಿಹಾಸಕಾರರು ಹೇಳುತ್ತಾರೆ. ಕದನ ಶುರುವಾದದ್ದು ಜುಲೈ 1ಕ್ಕೆ. ಆ ದೃಶ್ಯದ ಮೇಲೆ ‘ಜುಲೈ 1ರ ಬೆಳಗ್ಗೆ’ ಅನ್ನೋ ವಾಯ್ಸ್‌ಓವರ್ ಕೂರಿಸಿದರೆ? ಸ್ಕ್ರಿಪ್ಟ್‌ನಲ್ಲಿ ಸುಳ್ಳಿಲ್ಲ. ಸುಳ್ಳು ಹೇಳಿದ್ದು ನಮ್ಮ ಕಟ್. ಯುದ್ಧದ ಶಾಟ್ ಬಂದಾಗಲೆಲ್ಲ ಕೇಳಿಕೊಳ್ಳಿ: ಗುಂಡು ಹಾರುವಾಗ ಕ್ಯಾಮೆರಾದವನು ಇಲ್ಲಿ ನಿಲ್ಲಲು ಆಗುತ್ತಿತ್ತಾ?

ಇನ್ನೊಂದು ಉತ್ತರ: ಮೇಲಿನವರ ಮಾತಿಗೆ ವೇಗದ ವಿಷಯ ಸೇರಿಸುತ್ತೇನೆ. ಮೂಕಿ ಕಾಲದ ಫಿಲ್ಮ್‌ನಲ್ಲಿ ಹೆಚ್ಚಿನದು ಕ್ಯಾಮೆರಾವನ್ನು ಕೈಯಲ್ಲಿ ತಿರುಗಿಸಿ ತೆಗೆದದ್ದು. ಸೆಕೆಂಡಿಗೆ 16, 18 ಫ್ರೇಮ್ ಇರೋದೇ ಜಾಸ್ತಿ. ಈಗಿನ ಸಿನಿಮಾದ ವೇಗ 24ರಲ್ಲಿ ಓಡಿಸಿದರೆ ಜನ ಕುಪ್ಪಳಿಸುತ್ತಾರೆ. ಹೆಣ ಹೊತ್ತವರೂ ಕುಪ್ಪಳಿಸಿದರೆ ನೋಡುವವರು ನಗುತ್ತಾರೆ, ಅಲ್ವಾ? ಅದು ಸತ್ತವರಿಗೆ ಮಾಡುವ ಅವಮಾನ. ಒಬ್ಬರ ನಡಿಗೆಯನ್ನೇ ನೋಡುತ್ತಾ ವೇಗ ಇಳಿಸುತ್ತಾ ಬನ್ನಿ, ಪಾದ ನೆಲಕ್ಕೆ ಭಾರವಾಗಿ ಊರುವವರೆಗೆ.

ಇನ್ನು ಬದುಕಿನ ಮಾತು. ಒಂದು ಚಿತ್ರಕ್ಕೆ ವರ್ಷವೇ ಹಿಡಿಯಬಹುದು. ನಡುವೆ ಹಣ ಬರಲಿಲ್ಲ, ಅನುಮತಿ ಬರಲಿಲ್ಲ ಅಂತ ಕೆಲಸ ನಿಲ್ಲುತ್ತದೆ. ನಾನು ಈಗಲೂ ಜಾಹೀರಾತು ಬಿಟ್ಟಿಲ್ಲ, ನೀವೂ ಬಿಡಬೇಡಿ. ಆರ್ಕೈವ್ ರಿಸರ್ಚರ್ ಒಬ್ಬರ ಕೈಕೆಳಗೆ ಆರು ತಿಂಗಳ ಕೆಲಸ ಸಿಕ್ಕರೆ ಮಾತ್ರ ಕಣ್ಣುಮುಚ್ಚಿ ಒಪ್ಪಿಕೊಳ್ಳಿ.

ಮತ್ತೊಂದು ಉತ್ತರ: ಜಾತಕ ಅನ್ನೋ ಮಾತು ಓದಿ ಒಂದು ನೆನಪಾಯಿತು. ನನ್ನ ಒಂದು ಚಿತ್ರದಲ್ಲಿ ಶಾಲೆ ಮಕ್ಕಳು ಸಾಲಾಗಿ ನಡೆಯುವ ಶಾಟ್ ಇತ್ತು. ಕೆಳಗೆ 1951 ಅಂತ ಹಾಕಿದ್ದೆ. ಫಿಲ್ಮ್ ಡಬ್ಬಿಯ ಮೇಲೆ ಹಾಗೇ ಬರೆದಿತ್ತು. ಪ್ರದರ್ಶನ ಮುಗಿದಮೇಲೆ ಒಬ್ಬರು ಅಜ್ಜಿ ಹತ್ತಿರ ಬಂದು, “ಆ ಮೂರನೆಯ ಹುಡುಗ ನಮ್ಮಣ್ಣ. 1949ರಲ್ಲೇ ತೀರಿಹೋದ” ಅಂದರು. ಸಿಟ್ಟಿರಲಿಲ್ಲ. ಇನ್ನೊಂದು ಸಲ ತೋರಿಸ್ತೀರಾ ಅಂತ ಕೇಳಿದರು. ಆ ಶಾಟ್ ಇದ್ದದ್ದು ಆರು ಸೆಕೆಂಡ್. ನಿಲ್ಲಿಸಿ ನಿಲ್ಲಿಸಿ ತೋರಿಸಿದೆ. ಮನೆಗೆ ಬಂದು ಲಾಗ್ ತೆಗೆದು, 1951 ಹೊಡೆದುಹಾಕಿ ಬರೆದೆ: 1949 ಅಥವಾ ಅದಕ್ಕೂ ಮುಂಚೆ. ಹೇಳಿದವರು, ಹುಡುಗನ ತಂಗಿ.