ಕಲಬುರಗಿ ಬದಲಾಗೋದನ್ನ ವರ್ಷಗಟ್ಟಲೆ ಶೂಟ್ ಮಾಡೋದು: ಎಲ್ಲಿಂದ ಶುರು ಮಾಡ್ಬೇಕ್ರಿ?

ಗಂಜ್‌ದಾಕಿ:
ನಮ್ಮೂರು ಬದಲಾಗ್ತಿರೋದನ್ನೇ ಹಿಡ್ಕೊಂಡು ಡಾಕ್ಯುಮೆಂಟರಿ ಮಾಡೋದನ್ನ ಉದ್ಯೋಗ ಮಾಡ್ಕೋಬೇಕಂತೀನ್ರಿ. ಒಂದು ಮಿರರ್‌ಲೆಸ್ ಕ್ಯಾಮೆರಾ, 24-70 ಲೆನ್ಸ್ ಅದ. ನೆಹರು ಗಂಜ್ (ಕಾಳಿನ ಪ್ಯಾಟಿ), ಸೂಪರ್ ಮಾರ್ಕೆಟ್, ಕೋಟಿ, ಅಪ್ಪನ ಕೆರಿ, ವಿಮಾನ ನಿಲ್ದಾಣದ ರಸ್ತೆ, ಇವಿಷ್ಟು ತಲ್ಯಾಗ ಅವ. ಮೊದಲು ಏನ್ ಮಾಡ್ಬೇಕು? ರೊಕ್ಕ ಎಲ್ಲಿಂದ ಹುಟ್ತದ?

ಫರಸಿಕಲ್ಲು:
ಅಕ್ಕಾ, ಐದು ಜಾಗ ಭಾಳ ಆತು. ಗಂಜ್ ಮತ್ತ ವಿಮಾನ ನಿಲ್ದಾಣದ ರಸ್ತೆ, ಎರಡೇ ಸಾಕು. ವಿಮಾನ ಹಾರಾಟ ಶುರುವಾಗಿದ್ದು 2019ರಾಗ, ಆ ರಸ್ತೆ ಇನ್ನೂ ಬದಲಾಗ್ಲಿಕತ್ತದ.

ಒಂದೇ ಫ್ರೇಮ್ ಮತ್ತ ಮತ್ತ ಹಿಡಿದ್ರ ಬದಲಾವಣೆ ಕಾಣ್ತದ. ನಿಂತ ಜಾಗಕ್ಕ ಫೋನಿನ ಜಿಪಿಎಸ್ ಸಾಲಂಗಿಲ್ಲ, ನಾಲ್ಕೈದು ಮೀಟರ್ ಆಚೀಚಿ ತೋರಸ್ತದ. ಕಟ್ಟಿ ಮೂಲಿ, ಅಂಗಡಿ ಮೆಟ್ಟಲು ಇಂಥದ್ರಿಂದ ಟೇಪ್ ಹಿಡಿದು ಅಳತಿ ಬರಕೋರಿ. ಲೆನ್ಸ್ ನೆಲದಿಂದ ಎಷ್ಟು ಎತ್ತರ, ಜೂಮ್ ಎಷ್ಟಕ್ಕಿತ್ತು, ಟೈಮೇನು, ಅದೂ ಇರ್ಲಿ. ಜೂಮ್ ಈ ಸಲ 35 ಎಂಎಂ, ಮುಂದಿನ ಸಲ 40 ಎಂಎಂ ಆದ್ರ ಎರಡು ಶಾಟ್ ಕೂಡಂಗಿಲ್ಲ. ಹಳೇ ಫ್ರೇಮ್ ಫೋನಿನಾಗ ತೆರೆದಿಟ್ಟು ಕಂಬ, ಕಿಟಕಿ ಅಂಚು ಹೊಂದಿಸ್ರಿ.

ಹೋಲಿಕೆ ಶಾಟನ್ನ ಹಬ್ಬಕ್ಕ ಕಟ್ಟಬ್ಯಾಡ್ರಿ. ಬಂದೇ ನವಾಜ್ ಉರುಸು ಚಂದ್ರಮಾನದ್ದು, ವರ್ಷಾ 10-11 ದಿನ ಮುಂಚೆ ಬರ್ತದ. ಐದು ವರ್ಷ ಆಗೋದ್ರಾಗ ನೆರಳೇ ಬ್ಯಾರೆ ಕಡಿ ಬಿದ್ದಿರ್ತದ. ಉರುಸು, ಶರಣಬಸವೇಶ್ವರ ಜಾತ್ರಿ ಧಾರಾಳ ಶೂಟ್ ಮಾಡ್ರಿ, ಖರೆ ಹೋಲಿಕೆಗೆ ಇಂಗ್ಲಿಷ್ ತಾರೀಖು, ಅದೇ ತಾಸು. ಗಂಜ್ ಶೂಟಿಗೆ ಜನವರಿ ಛಲೋ, ಹೊಸ ತೊಗರಿ ಬಂದಿರ್ತದ. ಮೇದಾಗ ಮಧ್ಯಾಹ್ನದ ಬಿಸಿಲಿಗೆ ಕ್ಯಾಮೆರಾ ಇಟ್ರ 4ಕೆ ರೆಕಾರ್ಡಿಂಗ್ ನಡುವೇ ನಿಂತುಬಿಡ್ತದ.

ಬೂಮ್‌ಮೈಕ್:
ಗಂಜ್ ಅಂದಮೇಲೆ ದಾಲ್ ಮಿಲ್ ಬಂದೇ ಬರುತ್ತದೆ. ಮಿಲ್ ನಡೆಯುವಾಗ ಸಂದರ್ಶನ ಬೇಡ. ಮೋಟರಿನ ಸದ್ದನ್ನು ಎಡಿಟ್‌ನಲ್ಲಿ ತೆಗೆಯಲು ಹೋದರೆ ಮಾತು ಡಬ್ಬಿಯೊಳಗಿಂದ ಬಂದ ಹಾಗಾಗುತ್ತದೆ. ಆ ಸದ್ದನ್ನು ಪ್ರತ್ಯೇಕವಾಗಿ ಎರಡು ನಿಮಿಷ ಹಿಡಿಯಿರಿ; ಮಾತನ್ನು ಮಿಲ್ ನಿಂತ ಮೇಲೆ ಚೀಲ ಪೇರಿಸಿದ ಗೋದಾಮಿನಲ್ಲಿ ತೆಗೆದುಕೊಳ್ಳಿ, ಕಾಳಿನ ಚೀಲ ಪ್ರತಿಧ್ವನಿ ಹೀರುತ್ತದೆ. ಧ್ವನಿಯ ಸೆಟ್ಟಿಂಗ್ 48 ಕಿಲೋಹರ್ಟ್ಸ್, 24 ಬಿಟ್ ಇರಲಿ; ಜೋರು ಮಾತು ರೆಕಾರ್ಡರ್ ಮೀಟರಿನಲ್ಲಿ ಮೈನಸ್ 12 ಡೆಸಿಬೆಲ್ ದಾಟದಿರಲಿ. ವಿಡಿಯೊ ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಸೆಕೆಂಡ್ ಇಟ್ಟರೆ ನಮ್ಮ 50 ಹರ್ಟ್ಸ್ ಕರೆಂಟಿನ ದೀಪಗಳು ಬಹುತೇಕ ಮಿಟುಕುವುದಿಲ್ಲ. ಹೊಟ್ಟಿನ ಧೂಳಿನಲ್ಲಿ ಲೆನ್ಸ್ ಬಿಚ್ಚಲೇಬೇಡಿ.

ವಿಡಿಯೊವನ್ನು 100 ಎಂಬಿಪಿಎಸ್‌ನಲ್ಲಿ (ಸೆಕೆಂಡಿಗೆ 100 ಮೆಗಾಬಿಟ್) ಹಿಡಿದರೆ ಗಂಟೆಗೆ 45 ಜಿಬಿ ಆಗುತ್ತದೆ. ಎರಡು ಹಾರ್ಡ್ ಡಿಸ್ಕ್, ಎರಡು ಬೇರೆ ಮನೆಗಳಲ್ಲಿ.

ಗಂಜ್‌ದಾಕಿ:
ಕೋಟಿ ಬಿಡ್ಲಿಕ್ಕ ಮನಸಿಲ್ರಿ. ಪರವಾನಗಿ? ಡ್ರೋನ್?

ಬೀದರ್‌ದಾವ:
ಕೋಟೆ, ಒಳಗಿನ ಜಾಮಿ ಮಸೀದಿ ಎರಡೂ ಭಾರತೀಯ ಪುರಾತತ್ವ ಸರ್ವೇಕ್ಷಣದ ಸುಪರ್ದಿಯಲ್ಲಿವೆ. ಟ್ರೈಪಾಡ್ ಇಡೋದಾದ್ರೆ ಮೊದಲೇ ಲಿಖಿತ ಅನುಮತಿ ತಗೊಳ್ಳಿ. ಡ್ರೋನ್ ಆಸೆ ವಿಮಾನ ನಿಲ್ದಾಣದ ರಸ್ತೆಯಲ್ಲಂತೂ ಬಿಡಿ ತಂಗಿ. ಉಳಿದ ಕಡೆ ಸರ್ಕಾರದ ಡ್ರೋನ್ ನಕ್ಷೆ ಡಿಜಿಟಲ್ ಸ್ಕೈನಲ್ಲಿ ಹಸಿರು ವಲಯವೇ ಅಂತ ನೋಡಿಕೊಂಡು ಏರಿಸಿ.

ರೊಕ್ಕದ ಮಾತು: ಮೊದಲು 10-12 ನಿಮಿಷದ ಒಂದು ಚಿತ್ರ ಪೂರ್ತಿ ಮುಗಿಸಿ. ಅನುದಾನ ಕೊಡೋರು ಟ್ರೇಲರ್‌ಗಿಂತ ಮುಗಿದ ಕೆಲಸ ನಂಬ್ತಾರೆ. ಕಲೆಗೆ ಅನುದಾನ ಕೊಡೋ ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್‌ಗೆ ಕನ್ನಡದಲ್ಲೇ ಅರ್ಜಿ ಬರೀಬಹುದು. ಸಾಕ್ಷ್ಯಚಿತ್ರ ಮಾಡ್ತಿದ್ದ ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಜನ್ 2022ರಿಂದ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ, ಅಂದ್ರೆ ಎನ್‌ಎಫ್‌ಡಿಸಿ ಒಳಗೆ ಸೇರಿದೆ, ವಿಚಾರಿಸೋದಿದ್ರೆ ಅಲ್ಲೇ. ಯೂಟ್ಯೂಬ್‌ಗೆ ಆತುರದಿಂದ ಹಾಕಬೇಡಿ, ಕೆಲವು ಚಿತ್ರೋತ್ಸವಗಳು ಆಮೇಲೆ ತಗೊಳ್ಳೋದಿಲ್ಲ.

ಒಪ್ಪಿಗೆ ಪತ್ರ ಕನ್ನಡ, ಉರ್ದು ಎರಡರಲ್ಲೂ ಇರಲಿ. ಓದು ಬಾರದವರಿಗೆ ಓದಿ ಹೇಳಿ, ಒಪ್ಪಿದೆ ಅನ್ನೋದನ್ನ ಕ್ಯಾಮೆರಾ ಮುಂದೆಯೇ ಹೇಳಿಸಿ. ಹಮಾಲರು ಹಂಗಾಮು ಮುಗಿದ ಮೇಲೆ ಊರು ಬಿಟ್ಟಿರ್ತಾರೆ, ಆಮೇಲೆ ಸಹಿಗೆ ಹುಡುಕಿದ್ರೆ ಸಿಗೋದಿಲ್ಲ.