ಪಹಣಿ ನನ್ನ ಹೆಸರಲ್ಲಿದೆ, ದಾವೆ ಗೆಲ್ಲಲು ಅಷ್ಟು ಸಾಕೇ?

ಖುಷ್ಕಿದಾರ:
3 ಎಕರೆ 20 ಗುಂಟೆ ಖುಷ್ಕಿ ಜಮೀನು. ತಾತ 1961ರಲ್ಲಿ ನೋಂದಾಯಿತ ಕ್ರಯಪತ್ರದಿಂದ ಕೊಂಡದ್ದು. ಪೌತಿ ಖಾತೆ (ಮಾಲೀಕರು ತೀರಿಕೊಂಡ ಮೇಲೆ ವಾರಸುದಾರರ ಹೆಸರಿಗೆ ಆಗುವ ಖಾತೆ ಬದಲಾವಣೆ) ಮೊದಲು ಅಪ್ಪನ ಹೆಸರಿಗೆ, ಈಗ ನನ್ನ ಹೆಸರಿಗೆ ಆಗಿದೆ. ಪಕ್ಕದ ಹಿಸ್ಸೆಯವರು (ಅದೇ ಸರ್ವೆ ನಂಬರಿನ ಇನ್ನೊಂದು ಭಾಗದವರು) ಪೂರ್ವದ ಬದು ಒಡೆದು ಸುಮಾರು 12 ಗುಂಟೆ ಉತ್ತಿದ್ದಾರೆ. ನೋಟಿಸಿಗೆ ‘ಜಮೀನೇ ನಿಮ್ಮದಲ್ಲ’ ಎಂದು ಉತ್ತರ ಬಂದಿದೆ. ಬರೀ ಶಾಶ್ವತ ನಿರ್ಬಂಧಕಾಜ್ಞೆ (ಜಮೀನಿಗೆ ಅಡ್ಡಿ ಮಾಡದಂತೆ ತಡೆಯುವ ನ್ಯಾಯಾಲಯದ ಆಜ್ಞೆ) ಕೇಳಿದರೆ ಸಾಕೇ? ಏನೇನು ದಾಖಲೆ ಹಾಕಬೇಕು?

ಕಕ್ಷಿಮಿತ್ರ:
ಸಾಕಾಗದು. ನಿರ್ಬಂಧಕಾಜ್ಞೆಯ ದಾವೆಯಲ್ಲಿ ಮುಖ್ಯವಾಗಿ ನೋಡುವುದು ದಾವೆ ಹೂಡಿದ ದಿನ ಸ್ವಾಧೀನ ಯಾರದ್ದಿತ್ತು ಎಂಬುದನ್ನು. ಆ 12 ಗುಂಟೆಯಲ್ಲಿ ಈಗಾಗಲೇ ಅವರು ಇದ್ದಾರೆ, ಜೊತೆಗೆ ನಿಮ್ಮ ಹಕ್ಕನ್ನೇ ಅಲ್ಲಗಳೆದಿದ್ದಾರೆ. ಹಾಗಾಗಿ ಹಕ್ಕು ಘೋಷಣೆ, 12 ಗುಂಟೆಯ ಸ್ವಾಧೀನ, ಉಳಿದದ್ದಕ್ಕೆ ನಿರ್ಬಂಧಕಾಜ್ಞೆ, ಮೂರನ್ನೂ ಒಂದೇ ದಾವೆಯಲ್ಲಿ ಕೇಳಿ. ಸ್ವಾಧೀನ ಕೇಳದೆ ಘೋಷಣೆ ಮಾತ್ರ ಕೇಳಿದರೆ ನಿರ್ದಿಷ್ಟ ಪರಿಹಾರ ಕಾಯ್ದೆಯ 34ನೇ ಕಲಮಿನ ಪರಂತುಕವೇ (ಕಲಮಿಗೆ ಸೇರಿಸಿದ ಷರತ್ತು) ಅಡ್ಡ ಬರುತ್ತದೆ. ಬರೀ ಘೋಷಣೆಗೆ ಕಾಲಮಿತಿ 3 ವರ್ಷ, ಹಕ್ಕಿನ ಆಧಾರದ ಸ್ವಾಧೀನಕ್ಕೆ 12 ವರ್ಷ. ಆ ನೋಟಿಸಿನ ಉತ್ತರ ಕಳೆಯಬೇಡಿ, ವ್ಯಾಜ್ಯಕಾರಣ ತೋರಿಸಲು ಬೇಕು.

ಇನ್ನು ಪಹಣಿ. ಕರ್ನಾಟಕ ಭೂಕಂದಾಯ ಕಾಯ್ದೆಯ 133ನೇ ಕಲಮಿನಂತೆ ಅದರ ನಮೂದು ಸುಳ್ಳೆಂದು ತೋರಿಸುವವರೆಗೆ ನಿಜವೆಂದೇ ಭಾವಿಸುತ್ತಾರೆ. ಆದರೆ ಅದು ಹಕ್ಕುಪತ್ರವಲ್ಲ, ಖಾತೆ ಬದಲಾವಣೆಯಿಂದ ಹಕ್ಕು ಹುಟ್ಟುವುದಿಲ್ಲ. ನಿಮ್ಮ ಬೇರು 1961ರ ಕ್ರಯಪತ್ರ. ಮೂಲ ಪತ್ರವನ್ನೇ ಹಾಜರುಪಡಿಸಿ. ಸರಿಯಾದವರ ವಶದಿಂದ ಬಂದ 30 ವರ್ಷ ಹಳೆಯ ಪತ್ರಕ್ಕೆ ಸಹಿ, ಬರವಣಿಗೆ ನಿಜವೆಂಬ ಊಹೆ ಸಿಗುತ್ತದೆ. ಮೂಲ ಕಳೆದಿದ್ದರೆ ಉಪನೋಂದಣಿ ಕಚೇರಿಯ ದೃಢೀಕೃತ ನಕಲು ತನ್ನಿ, ಆದರೆ ಮೂಲ ಏಕಿಲ್ಲ ಎಂಬುದನ್ನು ವಾದಪತ್ರದಲ್ಲೂ ಸಾಕ್ಷ್ಯದಲ್ಲೂ ಹೇಳಿರಬೇಕು. ಇಲ್ಲದಿದ್ದರೆ ಪತ್ರವನ್ನು ಸಾಕ್ಷ್ಯವಾಗಿ ಗುರುತು ಹಾಕುವಾಗಲೇ ಆಕ್ಷೇಪಣೆ ಬರುತ್ತದೆ.

ಆಮೇಲೆ ಕೊಂಡಿ ಜೋಡಿಸಬೇಕು: ತಾತ, ಅಪ್ಪ ಇಬ್ಬರ ಮರಣಪತ್ರ, ವಂಶವೃಕ್ಷ, ಎರಡೂ ಪೌತಿಯ ಎಂಆರ್ (ಖಾತೆ ಬದಲಾವಣೆ ವಹಿ) ಪ್ರತಿ, 1961ರಿಂದ ಇಂದಿನವರೆಗಿನ ಋಣಭಾರ ಪತ್ರ (ಜಮೀನಿನ ಮೇಲಿನ ನೋಂದಾಯಿತ ವ್ಯವಹಾರಗಳ ಪಟ್ಟಿ).

ಸರಪಳಿ:
ಸ್ವಾಧೀನಕ್ಕೆ ಪಹಣಿಯ 9ನೇ ಕಾಲಮ್ (ಮಾಲೀಕರ ಹೆಸರು) ಮಾತ್ರ ನೋಡಿ ಸುಮ್ಮನಾಗಬೇಡಿ. ಸಾಗುವಳಿ ಯಾರದ್ದೆಂದು ತೋರಿಸುವುದು 12ನೇ ಕಾಲಮ್. ಯಾವುದೋ ಒಂದೆರಡು ವರ್ಷ ಅಲ್ಲಿ ಎದುರುದಾರರ ಹೆಸರು ನುಸುಳಿದ್ದರೆ ಪಾಟೀಸವಾಲಿನಲ್ಲಿ (ಎದುರು ವಕೀಲರ ಪ್ರಶ್ನೆಗಳಲ್ಲಿ) ಅದನ್ನೇ ಹಿಡಿಯುತ್ತಾರೆ. ಕೈಬರಹದ ಹಳೆಯ ಪಹಣಿಗಳನ್ನು ತಾಲ್ಲೂಕು ದಾಖಲೆ ಕೊಠಡಿಯಿಂದ ವರ್ಷ ಬಿಡದೆ ತೆಗೆಸಿ. 11ನೇ ಕಾಲಮಿನಲ್ಲಿ ಸಹಕಾರ ಸಂಘದ ಬೆಳೆಸಾಲದ ನಮೂದಿದ್ದರೆ ಒಳ್ಳೆಯದು, ವ್ಯಾಜ್ಯ ಹುಟ್ಟುವ ಮೊದಲಿನ ದಾಖಲೆಗೆ ತೂಕ ಹೆಚ್ಚು. ದಾವೆಗೆ ಒಂದು ತಿಂಗಳು ಮುಂಚೆ ಒಟ್ಟಿಗೆ ಕಟ್ಟಿದ ಕಂದಾಯ ರಶೀದಿಗಳನ್ನು ಯಾರೂ ನಂಬುವುದಿಲ್ಲ.

ಒತ್ತುವರಿ ದಾವೆಗಳು ಹೆಚ್ಚಾಗಿ ಬೀಳುವುದು ನಕ್ಷೆಯಲ್ಲಿ. ಮೂಲ ಟಿಪ್ಪಣಿ, ಹಿಸ್ಸಾ ಟಿಪ್ಪಣಿ (ಸರ್ವೆಯವರ ಅಳತೆ ನಕ್ಷೆಗಳು), ಆಕಾರ್‌ಬಂದ್ (ಸರ್ವೆ ನಂಬರಿನ ವಿಸ್ತೀರ್ಣ, ಕಂದಾಯದ ದಾಖಲೆ) ಮೂರೂ ತೆಗೆದು ಕ್ರಯಪತ್ರದ ಚಕ್ಕುಬಂದಿಗೆ (ನಾಲ್ಕೂ ದಿಕ್ಕಿನ ಗಡಿ ವಿವರ) ಹೋಲಿಸಿ. 3-20ರಲ್ಲಿ ಕರಾಬು (ಸಾಗುವಳಿಗೆ ಬಾರದ ಜಾಗ) ಸೇರಿದೆಯೋ ಇಲ್ಲವೋ ನೋಡಿ. 12 ಗುಂಟೆ ‘ಕಡಿಮೆ’ ಎಂದು ಕಂಡದ್ದು ಕರಾಬು ಕಳೆದ ಲೆಕ್ಕವೂ ಆಗಿರಬಹುದು. ನಂತರ ಹದ್ದುಬಸ್ತಿಗೆ (ಸರ್ಕಾರಿ ಸರ್ವೆಯಿಂದ ಗಡಿ ಗುರುತಿಸಲು) ಅರ್ಜಿ ಹಾಕಿ. ಅಕ್ಕಪಕ್ಕದವರಿಗೆ ನೋಟಿಸ್ ಹೋಗಿದ್ದಕ್ಕೆ ದಾಖಲೆ ಇರಲಿ, ಅದಿಲ್ಲದ ಅಳತೆ ನ್ಯಾಯಾಲಯದಲ್ಲಿ ನಿಲ್ಲುವುದು ಕಷ್ಟ. ವಾದಪತ್ರದಲ್ಲಿ ‘ಎ’ ಷೆಡ್ಯೂಲು ಇಡೀ ಜಮೀನು, ‘ಬಿ’ ಷೆಡ್ಯೂಲು ಆ 12 ಗುಂಟೆ. ಅದಕ್ಕೂ ಪ್ರತ್ಯೇಕ ಚಕ್ಕುಬಂದಿ, ನಕ್ಷೆ ಬೇಕು, ಇಲ್ಲವಾದರೆ ಡಿಕ್ರಿ ಸಿಕ್ಕರೂ ಅಮಲ್ಜಾರಿ ಆಗದು. ಅಳತೆಗೆ ನ್ಯಾಯಾಲಯದ ಕಮಿಷನರ್ ನೇಮಿಸಲು ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 26 ನಿಯಮ 9ರಲ್ಲಿ ಅರ್ಜಿ ಹಾಕಬಹುದು. ಸ್ವಾಧೀನ ಯಾರದ್ದೆಂದು ಕಂಡುಹಿಡಿಯಲು ಎಂದು ಬರೆದರೆ ಅರ್ಜಿ ವಜಾ ಆಗುವ ಸಂಭವವೇ ಹೆಚ್ಚು.

ಖುಷ್ಕಿದಾರ:
ಅಪ್ಪನಿಗೆ ಇಬ್ಬರು ತಂಗಿಯರಿದ್ದಾರೆ. ತಾತ ವಿಲ್ ಬರೆದಿಲ್ಲ, ತೀರಿಕೊಂಡದ್ದು 1984ರಲ್ಲಿ. ಹೆಣ್ಣುಮಕ್ಕಳಿಗೆ ಪಾಲು ಕೊಟ್ಟ 2005ರ ತಿದ್ದುಪಡಿಗೆ ಮುಂಚಿನ ಸಾವು, ಹಾಗಾಗಿ ಅತ್ತೆಯರಿಗೆ ಪಾಲಿಲ್ಲ ಅಲ್ಲವೇ?

ಕಕ್ಷಿಮಿತ್ರ:
ಇದೆ. 2005ರ ತಿದ್ದುಪಡಿ ಪಿತ್ರಾರ್ಜಿತ ಅವಿಭಕ್ತ ಆಸ್ತಿಯ ಮಾತು. ತಾತ ಸ್ವಂತ ದುಡ್ಡಿನಲ್ಲಿ ಕೊಂಡದ್ದಾದರೆ ಅದು ಸ್ವಯಾರ್ಜಿತ. ಹಿಂದೂ ಉತ್ತರಾಧಿಕಾರ ಕಾಯ್ದೆ 1956ರ 8ನೇ ಕಲಮಿನಂತೆ ಹೆಂಡತಿ, ಮಗ, ಹೆಣ್ಣುಮಕ್ಕಳು ಎಲ್ಲರಿಗೂ ಸಮಪಾಲು. ಪೌತಿ ಅಪ್ಪನೊಬ್ಬನ ಹೆಸರಿಗಾದದ್ದರಿಂದ ಅತ್ತೆಯರ ಹಕ್ಕು ಹೋಗುವುದಿಲ್ಲ. ‘ನಾನೊಬ್ಬನೇ ಮಾಲೀಕ’ ಎಂದು ಬರೆದು ಪಾಟೀಸವಾಲಿನಲ್ಲಿ ಅತ್ತೆಯರ ಹೆಸರು ಹೊರಬಿದ್ದರೆ ಘೋಷಣೆಯ ಬುಡವೇ ಅಲುಗುತ್ತದೆ. ಅತಿಕ್ರಮಿಸಿದವರ ಮೇಲೆ ಸಹಮಾಲೀಕನೊಬ್ಬನೇ ದಾವೆ ಹೂಡಬಹುದು, ಆದರೆ ಸಹಮಾಲೀಕನೆಂದೇ ಬರೆಯಬೇಕು. ಅತ್ತೆಯರನ್ನೂ ವಾದಿಗಳಾಗಿ ಸೇರಿಸಿಕೊಳ್ಳಿ, ಅಥವಾ ಅವರು ಒಪ್ಪಿದರೆ ಮೊದಲೇ ಹಕ್ಕು ಬಿಡುಗಡೆ ಪತ್ರವನ್ನು ನೋಂದಣಿ ಮಾಡಿಸಿ. ಛಾಪಾಕಾಗದದ ಮೇಲೆ ಸಹಿ ಹಾಕಿಸಿ ಮನೆಯಲ್ಲಿಟ್ಟುಕೊಂಡ ಪತ್ರ ಇಲ್ಲಿ ಕೆಲಸಕ್ಕೆ ಬಾರದು. ನೋಂದಣಿಯಿಲ್ಲದೆ ಹಕ್ಕು ವರ್ಗವಾಗದು, ಮುದ್ರಾಂಕ ಕೊರತೆಗೆ ಹತ್ತು ಪಟ್ಟು ದಂಡ ಬೇರೆ.